ತೋಳು ಮುಟ್ಟಿ ನೋಡಿದವರು

‘ಘಟಶ್ರಾದ್ಧ’ ನೋಡಿ ಅತ್ತವರಲ್ಲಿ ನಾನೂ ಒಬ್ಬಳು. ಗಿರೀಶ ಕಾಸರವಳ್ಳಿಯವರ 1977ರ ಆ ಚಿತ್ರದಲ್ಲಿ ಬಸುರಿಯಾದ ವಿಧವೆ ಯಮುನಕ್ಕನನ್ನು ಬದುಕಿರುವಾಗಲೇ ಸತ್ತವಳೆಂದು ಸಾರಿ, ತಲೆ ಬೋಳಿಸಿ ಹೊರಹಾಕುತ್ತಾರೆ. ಅಲ್ಲಿ ನಮ್ಮ ಕಣ್ಣೀರು ಯಾರ ಕಡೆ ಹರಿಯಬೇಕೆಂಬುದರಲ್ಲಿ ಅನುಮಾನವಿಲ್ಲ. ಮೊನ್ನೆ ಸಿಂದಗಿಗೆ ಬಂದಿದ್ದ ಮಗಳು ತನ್ನ ಲ್ಯಾಪ್‌ಟಾಪಿನಲ್ಲಿ ತೋರಿಸಿದ ಜರ್ಮನ್ ಚಿತ್ರ ಮಾತ್ರ ಅಷ್ಟು ಸುಲಭಕ್ಕೆ ಅಳಗೊಡಲಿಲ್ಲ.

ಫಾಸ್‌ಬಿಂಡರ್ ಎಂಬಾತ 1974ರಲ್ಲಿ ಮಾಡಿದ ಆ ಚಿತ್ರದ ಹೆಸರು, ನಮ್ಮ ಮಾತಿನಲ್ಲಿ, ‘ಅಂಜಿಕೆ ಆತ್ಮವನ್ನೇ ತಿನ್ನುತ್ತದೆ’. ಮ್ಯೂನಿಕ್ಕಿನಲ್ಲಿ ಕಸ ಬಳಿದು ಬದುಕುವ ವಿಧವೆ ಎಮ್ಮಿಗೆ ಅರವತ್ತರ ಆಸುಪಾಸು. ಮೊರಾಕ್ಕೋದಿಂದ ದುಡಿಯಲು ಬಂದ ಆಲಿ ಅವಳಿಗಿಂತ ಎಷ್ಟೋ ಚಿಕ್ಕವನು. ಅವನ ನಿಜವಾದ ಹೆಸರು ಬೇರೆಯೇ, ಬಹಳ ಉದ್ದದ್ದು. ಜರ್ಮನರ ಬಾಯಿಗೆ ಅಂಥವರೆಲ್ಲ ‘ಆಲಿ’. (ನಮ್ಮ ಇಂಡಿ, ಮುದ್ದೇಬಿಹಾಳದ ಕಡೆಯಿಂದ ಗೋವಾಕ್ಕೆ ಗುಳೆ ಹೋದವರು ಅಲ್ಲಿ ‘ಘಾಟಿ’ಗಳಾಗುವಂತೆ.) ಇಬ್ಬರೂ ಮದುವೆಯಾದ ಸುದ್ದಿ ಕೇಳಿ ಮಗ ಟಿವಿಯನ್ನು ಒದ್ದು ಒಡೆಯುತ್ತಾನೆ. ಕಿರಾಣಿಯವನು ಸಾಮಾನು ಕೊಡುವುದಿಲ್ಲ. ಜೊತೆಗೆ ಕೆಲಸ ಮಾಡುವ ಹೆಂಗಸರು ಅವಳೊಬ್ಬಳನ್ನೇ ಮೆಟ್ಟಿಲ ಮೇಲೆ ಬಿಟ್ಟು ದೂರ ಕೂಡುತ್ತಾರೆ.

ಇಲ್ಲಿಯವರೆಗೆ ಇದೂ ಘಟಶ್ರಾದ್ಧವೇ. ಆದರೆ ಅರ್ಧದಲ್ಲಿ ಎಲ್ಲರೂ ಮರಳಿ ಬರುತ್ತಾರೆ! ಕಿರಾಣಿಯವನಿಗೆ ಗಿರಾಕಿ ಬೇಕು, ಮಗನಿಗೆ ಕೂಸು ನೋಡಿಕೊಳ್ಳುವವರು ಬೇಕು, ನೆರೆಯವಳಿಗೆ ಸಾಮಾನು ಇಡಲು ಜಾಗ ಬೇಕು. ಎಮ್ಮಿ ಹಿಗ್ಗುತ್ತಾಳೆ. ಆ ಹಿಗ್ಗಿನಲ್ಲೇ ಗೆಳತಿಯರಿಂದ ಗಂಡನ ತೋಳು ಮುಟ್ಟಿಸುತ್ತಾಳೆ, ಸಂತೆಯಲ್ಲಿ ಎತ್ತಿನ ಮೈ ತಡವಿದ ಹಾಗೆ. ಅವನು ತನ್ನ ನಾಡಿನ ಕುಸ್‌ಕುಸ್ ಕೇಳಿದರೆ ಮಾಡಿಕೊಡುವುದಿಲ್ಲ. ಮಾಡಿಕೊಡುವ ಇನ್ನೊಬ್ಬಳ ಮನೆಗೆ ಅವನು ಹೋಗುತ್ತಾನೆ. ಕೆಲಸಕ್ಕೆ ಹೊಸದಾಗಿ ಬಂದ ಯುಗೊಸ್ಲಾವಿಯದ ಹುಡುಗಿಯನ್ನು ಅದೇ ಮೆಟ್ಟಿಲ ಮೇಲೆ ಒಂಟಿಯಾಗಿ ಬಿಟ್ಟವರ ಗುಂಪಿನಲ್ಲಿ ಈಗ ಎಮ್ಮಿಯೂ ಇದ್ದಾಳೆ. ನಾನು ಲ್ಯಾಪ್‌ಟಾಪು ನಿಲ್ಲಿಸೆಂದೆ.

ಕೇರಳದಿಂದ ಬಂದು ಬಸವನ ಬಾಗೇವಾಡಿಯಲ್ಲಿ ಬೇಕರಿ ಇಟ್ಟವನನ್ನು ನನ್ನ ತಂಗಿ ಮದುವೆಯಾದಳು. ಬಸವಣ್ಣ ಹುಟ್ಟಿದ ಊರಲ್ಲಿ ನಡೆದ ಆ ಮದುವೆಗೆ ನಾವ್ಯಾರೂ ಹೋಗಲಿಲ್ಲ. ಮೂರು ವರ್ಷ ಮಾತಿಲ್ಲ. ಆಮೇಲೆ ಇಂಡಿಯಲ್ಲಿ ಅಪ್ಪ ಹಾಸಿಗೆ ಹಿಡಿದಾಗ ಎತ್ತಿ ಕೂಡಿಸಲು ಗಟ್ಟಿ ಆಳು ಬೇಕಾಯಿತು, ಕರೆಸಿದೆವು. ‘ನಮ್ಮ ತಂಗಿ ಗಂಡನ ತೋಳು ನೋಡ್ರಿ, ಅಪ್ಪನ್ನ ಕೂಸಿನಂಗ ಎತ್ತತಾನ’ ಎಂದು ಓಣಿಯ ಹೆಂಗಸರೆದುರು ಹೇಳಿದವಳು ನಾನೇ. ಅವನು ನಕ್ಕ. ಒಂದು ದಿನ ಊಟಕ್ಕೆ ಕುಚಲಕ್ಕಿ ಅನ್ನ ಕೇಳಿದ. ‘ಇದು ರೊಟ್ಟಿ ಸೀಮಿ’ ಎಂದಳು ತಂಗಿ. ನಾವೆಲ್ಲ ನಕ್ಕೆವು. ಮಗಳು ಮತ್ತೆ ನಮ್ಮವಳಾದಳೆಂದು ಅವ್ವನಿಗೆ ಸಮಾಧಾನ.

ಚಿತ್ರದ ಕೊನೆಗೆ ಆಲಿ ಹೊಟ್ಟೆಹುಣ್ಣಿನಿಂದ ಕುಸಿಯುತ್ತಾನೆ. ಪರದೇಶದಿಂದ ದುಡಿಯಲು ಬಂದವರಿಗೆ ಇದು ಮತ್ತೆ ಮತ್ತೆ ಬರುವ ಬೇನೆಯೆಂದು ವೈದ್ಯ ವಿವರಿಸುತ್ತಾನೆ. ಆ ವಿವರಣೆ ಇಲ್ಲದಿದ್ದರೂ ನಡೆಯುತ್ತಿತ್ತು, ಮೆಟ್ಟಿಲಿನ ದೃಶ್ಯವೇ ಸಾಕಾಗಿತ್ತು.

ರಾತ್ರಿ ತಂಗಿಗೆ ಫೋನ್ ಮಾಡಿ ಕತೆ ಹೇಳಿದೆ. ಅವಳು ಸುಮ್ಮನೆ ಕೇಳಿ, ‘ಕಡೀಕರೆ ಆಕಿ ಅವಂಗ ಅದನ್ನ ಮಾಡಿ ಹಾಕಿದಳೇನಕ್ಕಾ?’ ಎಂದಳು.

‘ಸಿನಿಮಾದಾಗ ತೋರಿಸಿಲ್ಲವ್ವಾ’ ಎಂದೆ.