ಕಂಠವೇ ರಂಗವಾದ ಬಿ. ಜಯಶ್ರೀ

ಗಂಡಸರೇ ಹೆಣ್ಣುಪಾತ್ರ ವಹಿಸುವ ‘ಸ್ತ್ರೀವೇಷ’ದ ಪರಂಪರೆಯನ್ನು ಬಡಗುತಿಟ್ಟಿನ ಯಕ್ಷಗಾನದಲ್ಲಿ ಇಂದಿಗೂ ಕಾಣುವ ಕುಮಟಾ ತಾಲೂಕಿನ ಕತಗಾಲದ ಕಡೆಯ ಪ್ರೇಕ್ಷಕರಿಗೆ, ಪ್ರಾಚೀನ ಗ್ರೀಸಿನ ದುರಂತ ನಾಟಕಗಳಲ್ಲಿ ರಾಣಿಯರ ಮುಖವಾಡ ತೊಟ್ಟವರೂ ಗಂಡಸರೇ ಎಂಬ ಸಂಗತಿ ಅಪರಿಚಿತವೆನಿಸದು. ಕನ್ನಡದಲ್ಲಿ ನಟಿಯರಿಗೆ ನೆಲೆ ದೊರೆತದ್ದು ಹೆಚ್ಚಾಗಿ ಕಂಪನಿ ನಾಟಕಗಳಲ್ಲಿ, ಅಂದರೆ ಊರೂರು ತಿರುಗಿ ಟಿಕೆಟ್ಟಿನ ಹಣದಿಂದಲೇ ಬದುಕುತ್ತಿದ್ದ ವೃತ್ತಿರಂಗಭೂಮಿಯಲ್ಲಿ. ಅದರ ಹಿರಿಯರಾದ ಗುಬ್ಬಿ ವೀರಣ್ಣನವರ ಮೊಮ್ಮಗಳಾಗಿ 1950ರಲ್ಲಿ ಜನಿಸಿದ ಬಿ. ಜಯಶ್ರೀ, ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯಲ್ಲಿ ಕಲಿತು, 1976ರಲ್ಲಿ ‘ಸ್ಪಂದನ’ ತಂಡವನ್ನು ಕಟ್ಟಿ, ಕಂಪನಿಯ ಕಸುವನ್ನು ಆಧುನಿಕ ರಂಗಶಿಸ್ತಿಗೆ ಬೆಸೆದರು.

ಅವರ ಅಭಿನಯದ ಸತ್ವವೆಲ್ಲ ಕಂಠದಲ್ಲಿದೆ. ಚಂದ್ರಶೇಖರ ಕಂಬಾರರ ‘ಕರಿಮಾಯಿ’ಯ ರಂಗರೂಪದಲ್ಲಿ ಆ ದಪ್ಪ, ತುಸು ಒರಟು ದನಿ ಮಾತಿನಿಂದ ಹಾಡಿಗೆ ದಾಟುವಾಗ ನಡುವೆ ಗೆರೆಯೇ ಕಾಣದು, ಉಸಿರು ಎಳೆದುಕೊಳ್ಳುವ ಸದ್ದೂ ಅಲ್ಲಿ ಲಯದ ಭಾಗವೇ. 1997ರ ‘ನಾಗಮಂಡಲ’ ಚಿತ್ರದಲ್ಲಿಯೂ ಅವರು ಕ್ಯಾಮೆರಾದ ಎದುರು ರಂಗದ ಮೈಕಟ್ಟನ್ನು ಬಿಟ್ಟುಕೊಟ್ಟಿಲ್ಲ, ಅದೇ ಅವರ ಹೆಚ್ಚುಗಾರಿಕೆ. 2010ರಲ್ಲಿ ರಾಜ್ಯಸಭೆಗೆ ನಾಮಕರಣಗೊಂಡ ಅವರಿಗೆ 2013ರಲ್ಲಿ ಪದ್ಮಶ್ರೀ ಸಂದಿತು. ಅಂಥ ಕಂಠಕ್ಕೆ ಆ ಮನ್ನಣೆ ತಡವಾಗಿಯೇ ಬಂತು.