ವಾಚಾತ್ತಿಯ ಮುಂದೆ ಪರಿಸರ ಸಿದ್ಧಾಂತ

ಪರಿಸರ ಚಿಂತನೆಯು ಕಾಡನ್ನು ಕಾಣುವ ಮೊದಲೇ, ಅಲ್ಲಿ ಯಾರಿರಬೇಕೆಂಬುದನ್ನು ಅದರ ಬೆನ್ನಿಗಿರುವ ಸಮಾಜ ಸಿದ್ಧಾಂತ ನಿರ್ಧರಿಸಿರುತ್ತದೆ. ಧರ್ಮಪುರಿ ಜಿಲ್ಲೆಯ ವಾಚಾತ್ತಿ ಇದಕ್ಕೆ ಕಠೋರ ನಿದರ್ಶನ. 1992ರ ಜೂನ್ 20ರಂದು, ಕಳ್ಳಸಾಗಣೆಯ ಶ್ರೀಗಂಧವನ್ನು ಹುಡುಕುವ ಹೆಸರಿನಲ್ಲಿ ಅರಣ್ಯ, ಪೊಲೀಸ್, ಕಂದಾಯ ಇಲಾಖೆಗಳ ಸಿಬ್ಬಂದಿ ಮಲಯಾಳಿ ಗಿರಿಜನರ ಈ ಹಳ್ಳಿಯ ಮೇಲೆರಗಿದರು. ಮನೆಗಳು ಧ್ವಂಸವಾದವು, 18 ಮಹಿಳೆಯರ ಮೇಲೆ ಅತ್ಯಾಚಾರ ನಡೆಯಿತು. 2011ರಲ್ಲಿ ಧರ್ಮಪುರಿಯ ನ್ಯಾಯಾಲಯವು 269 ಆರೋಪಿಗಳ ಪೈಕಿ ಜೀವಂತವಿದ್ದ 215 ಮಂದಿಯನ್ನೂ ದೋಷಿಗಳೆಂದಿತು; 2023ರಲ್ಲಿ ಮದ್ರಾಸ್ ಹೈಕೋರ್ಟ್ ಆ ತೀರ್ಪನ್ನು ಎತ್ತಿಹಿಡಿಯಿತು.

ಮರವನ್ನು ಪ್ರಭುತ್ವದ ಸ್ವತ್ತೆಂದು ಭಾವಿಸುವ ದೃಷ್ಟಿಗೆ ಹಳ್ಳಿಗರು ಮೊದಲೇ ಶಂಕಿತರು. ‘ಗಂಧದ ಗುಡಿ’ (1973) ಚಿತ್ರವು ಅರಣ್ಯಾಧಿಕಾರಿಯನ್ನೇ ಕಾಡಿನ ರಕ್ಷಕನಾಗಿಸಿತು. ಅಧಿಕಾರಿಯೇ ಅಪರಾಧಿಯಾಗುವ ವಾಚಾತ್ತಿಗೆ ಅಂಥ ಕಥನದಲ್ಲಿ ಸ್ಥಳವಿಲ್ಲ. ಈ ಒಡೆತನದ ವಸಾಹತುಶಾಹಿ ಬೇರುಗಳನ್ನು ಮಾಧವ ಗಾಡ್ಗೀಳ್ ಮತ್ತು ರಾಮಚಂದ್ರ ಗುಹಾ ಅವರ ‘ದಿಸ್ ಫಿಶರ್ಡ್ ಲ್ಯಾಂಡ್’ ಅದೇ 1992ರಲ್ಲಿ ತೆರೆದಿಟ್ಟಿತು. ಆದರೆ ಜಾತಿಗಳ ನಡುವಣ ಸಂಪನ್ಮೂಲ ಹಂಚಿಕೆಯಲ್ಲಿ ಸಂರಕ್ಷಣೆಯ ವಿವೇಕವನ್ನು ಗುರುತಿಸುವ ಆ ಕೃತಿಯಲ್ಲಿ ಶ್ರೇಣೀಕರಣದ ಹಿಂಸೆ ಹಿನ್ನೆಲೆಗೆ ಸರಿಯುತ್ತದೆ. ಇನ್ನು, ಕಾಡುವಾಸಿಗಳನ್ನು ಪ್ರಕೃತಿಯ ಮುಗ್ಧ ಪಾಲಕರೆಂದು ಹೊಗಳುವ ಜನಪ್ರಿಯ ಪರಿಸರವಾದವು ಆ ಹೊಗಳಿಕೆಯಲ್ಲೇ ಅವರ ಹಕ್ಕಿಗೊಂದು ಷರತ್ತನ್ನು ಅಡಗಿಸಿಡುತ್ತದೆ.

ವಾಚಾತ್ತಿಯ ಮಹಿಳೆಯರು ನ್ಯಾಯ ಕೇಳಿದ್ದು ಕಾಡಿನ ಕಾವಲುಗಾರರಾಗಿ ಅಲ್ಲ, ನಾಗರಿಕರಾಗಿ. ಅವರ ಹೋರಾಟಕ್ಕೆ ಬೆಂಬಲವಾಗಿ ನಿಂತ ಎಡಪಂಥೀಯ ಬುಡಕಟ್ಟು ಸಂಘಟನೆಯ ಬಲವೂ ಇದೇ ನೆಲೆಯದು. ಗಂಧ ಕದ್ದವರಿಗೂ ಆ ಹಕ್ಕುಂಟು. ಈ ಸರಳ ಮಾತಿಗೆ ಎಡೆಯಿಲ್ಲದ ಪರಿಸರ ಸಿದ್ಧಾಂತ ಎಷ್ಟು ಹಸಿರಾಗಿದ್ದರೂ ಅಪೂರ್ಣವೇ.