ವಯಸ್ಕರ ಚಿತ್ರವೆಂದರೇನು? – ‘ಸಂಸ್ಕಾರ’ದ ನೆಪದಲ್ಲಿ

‘ವಯಸ್ಕರಿಗೆ ಮಾತ್ರ’ ಎಂದೊಡನೆ ನಮ್ಮ ಮನೆಗಳಲ್ಲಿ ಮುಜುಗರ ಮೂಡುವುದು ಸಹಜ. ಆದರೆ ಸೆನ್ಸಾರಿನವರನ್ನು ಹೆದರಿಸಿದ್ದು ಎಲ್ಲ ಸಲವೂ ಬತ್ತಲೆ ಮೈಯಲ್ಲ. ಇದಕ್ಕೆ ನಾವಿರುವ ಊರಿನದೇ ಒಂದು ನಿದರ್ಶನವಿದೆ.

ಅನಂತಮೂರ್ತಿಯವರ ಕಾದಂಬರಿಯನ್ನಾಧರಿಸಿ ಪಟ್ಟಾಭಿರಾಮ ರೆಡ್ಡಿಯವರು ತೆಗೆದ ‘ಸಂಸ್ಕಾರ’ವನ್ನು ಮದರಾಸಿನ ಸೆನ್ಸಾರ್ ಮಂಡಳಿ ಮೊದಲು ತಡೆಹಿಡಿಯಿತು. ಪ್ರಾಣೇಶಾಚಾರ್ಯರು ಚಂದ್ರಿಯನ್ನು ಕೂಡುವ ಆ ಇರುಳಿಗಿಂತ, ಜಾತಿಕಲಹ ಎದ್ದೀತೆಂಬ ಭಯವೇ ಅದಕ್ಕೆ ಮುಖ್ಯ ಕಾರಣ. ಮುಂದೆ ತಡೆ ತೆರವಾಯಿತು. 1970ರ ಅತ್ಯುತ್ತಮ ಚಿತ್ರವೆಂದು ಸ್ವರ್ಣಕಮಲವೂ ಬಂತು. ಕನ್ನಡಕ್ಕೆ ಆ ಗೌರವ ಅದೇ ಮೊದಲು.

ಇದಕ್ಕೆ ಕೆಲವೇ ವರ್ಷ ಮುಂಚೆ ಜಪಾನಿನಲ್ಲೂ ಇಂಥದೇ ಜಗಳ ನಡೆದಿತ್ತು. ಮನೆಮನೆಗೆ ಟೆಲಿವಿಷನ್ ಬಂದು ಚಿತ್ರಮಂದಿರಗಳು ಬರಿದಾಗತೊಡಗಿದಾಗ ಅಲ್ಲಿನ ಸಣ್ಣ ನಿರ್ಮಾಪಕರು ಅಲ್ಪ ಬಂಡವಾಳದ ಕಾಮಪ್ರಧಾನ ಚಿತ್ರಗಳಿಗೆ ಕೈಹಾಕಿದರು. ಹೆಚ್ಚಿನವು ಬರಿಯ ದುಡ್ಡಿನಾಸೆಯವು. ಆದರೆ ಕಬುಕಿ ರಂಗಭೂಮಿಯಲ್ಲಿ ಪಳಗಿದ್ದ ತೆತ್ಸುಜಿ ತಕೆಚಿಯ ‘ಕಪ್ಪು ಹಿಮ’ (1965) ಬೇರೆ ಬಗೆಯದು. ಅಮೆರಿಕದ ವಿಮಾನನೆಲೆಯ ಬೇಲಿಯ ಪಕ್ಕದಲ್ಲಿ ಬತ್ತಲೆಯಾಗಿ ಓಡುವ ಹುಡುಗಿ ಅಸಹಾಯಕ ಜಪಾನಿನ ಸಂಕೇತವೆಂದು ಆತ ವಾದಿಸಿದ. ಅಶ್ಲೀಲವೆಂದು ಮೊಕದ್ದಮೆ ನಡೆಯಿತು. 1967ರಲ್ಲಿ ಟೋಕಿಯೊದ ನ್ಯಾಯಾಲಯ ಆತನನ್ನು ನಿರ್ದೋಷಿಯೆಂದಿತು.

ಎರಡನ್ನೂ ಒಂದೇ ತಕ್ಕಡಿಗೆ ಹಾಕಲಾಗದು. ತಕೆಚಿ ಮೈಯನ್ನು ಘೋಷಣೆಯಂತೆ ಬಳಸಿದ. ‘ಸಂಸ್ಕಾರ’ದಲ್ಲಿ ಕಾಮವು ಧರ್ಮಸಂಕಟದ ಒಳಗಿನಿಂದಲೇ ಬರುತ್ತದೆ. ಆ ಇರುಳನ್ನು ಕತ್ತರಿಸಿದರೆ ಆಚಾರ್ಯರ ಪಾಂಡಿತ್ಯ ಅಲುಗುವುದೇ ಇಲ್ಲ. ನಾರಣಪ್ಪನ ಹೆಣದ ಪ್ರಶ್ನೆ ಬರಿಯ ಶಾಸ್ತ್ರಚರ್ಚೆಯಾಗಿ ಉಳಿಯುತ್ತದೆ.

ಆದರೂ ಎರಡರಲ್ಲೂ ಒಂದು ಕೊರತೆಯಿದೆ. ಜಪಾನಿನ ಆ ಹುಡುಗಿ ದೇಶದ ಪ್ರತಿಮೆಯಾದಳು, ಚಂದ್ರಿ ಆಚಾರ್ಯರ ಅರಿವಿಗೆ ಮೆಟ್ಟಿಲಾದಳು. ಅಗ್ರಹಾರವೆಲ್ಲ ಕೈಕಟ್ಟಿ ಕುಳಿತಾಗ ಹೆಣ ಸುಡಿಸಿದವಳು ಚಂದ್ರಿಯೇ. ಅವಳ ಮನಸ್ಸಿನಲ್ಲಿ ಏನಾಯಿತೆಂದು ಕೇಳದೆ ಕಥೆ ಆಚಾರ್ಯರ ಬೆನ್ನು ಹತ್ತುತ್ತದೆ. ಆ ಪಾತ್ರಕ್ಕೆ ಜೀವ ತುಂಬಿದ ಸ್ನೇಹಲತಾ ರೆಡ್ಡಿಯವರು ತುರ್ತುಪರಿಸ್ಥಿತಿಯಲ್ಲಿ ಸೆರೆಮನೆ ಕಂಡು 1977ರಲ್ಲಿ ತೀರಿಕೊಂಡರೆಂಬುದನ್ನು ನೆನೆದಾಗ, ಚಂದ್ರಿಯ ಮೌನ ಇನ್ನಷ್ಟು ಚುಚ್ಚುತ್ತದೆ.

ವಯಸ್ಕರ ಚಿತ್ರವೆಂದರೆ ಮೈ ತೋರಿಸುವ ಚಿತ್ರವಲ್ಲ, ಹೊಣೆ ಹೊರಿಸುವ ಚಿತ್ರ. ಮಕ್ಕಳು ಬೆಳೆದ ಮನೆಗಳಲ್ಲಿ ‘ಸಂಸ್ಕಾರ’ವನ್ನು ಒಟ್ಟಿಗೆ ಕುಳಿತು ನೋಡಬಹುದು. ನೋಡಿದ ಮೇಲೆ ಆಚಾರ್ಯರ ವಿಷಯ ಮಾತಾಡಿದಷ್ಟೇ ಹೊತ್ತು ಚಂದ್ರಿಯ ವಿಷಯವನ್ನೂ ಮಾತಾಡಿದರೆ, ಚಿತ್ರ ಬಿಟ್ಟ ಕೆಲಸವನ್ನು ನೋಡಿದವರು ಪೂರೈಸಿದಂತಾದೀತು.